ನಿಲ್ಲದ ಗಾಡಿಯ ಸುದ್ದಿ

ಅಂಬಾದಾಸನನ್ನು ಸ್ಟೇಷನ್ ಮಾಸ್ತರ ಎಂದು ಯಾರಾದರೂ ಕರೆದರೆ ನನಗೆ ಈಗಲೂ ಸಿಟ್ಟು ಬರುತ್ತದೆ. ನಮ್ಮದು ಸ್ಟೇಷನ್ನೇ ಅಲ್ಲ, ಹಾಲ್ಟ್. ಹುಮನಾಬಾದ ಬಿಟ್ಟ ಗಾಡಿ ಒಂದು ನಿಮಿಷ ನಿಂತು ಹೋಗುವ ಜಾಗ. ಒಂದು ಪ್ಲಾಟ್‌ಫಾರಂ, ತಗಡಿನ ನೆರಳು, ಟಿಕೇಟು ಮಾರುವ ಒಂದು ಕೋಣೆ, ಇಷ್ಟೇ. ಆ ಕೋಣೆಯಲ್ಲಿ ಕೂತು ಟಿಕೇಟು ಕೊಡುತ್ತಿದ್ದ ಏಜೆಂಟ ಅಂಬಾದಾಸ. ಸರ್ಕಾರಿ ನೌಕರಿಯಲ್ಲ, ಗುತ್ತಿಗೆ. ಪಕ್ಕದ ಚಹಾದಂಗಡಿ ನನ್ನದು, ನಾನು ಅನ್ವರಿ, ಊರಿಗೆಲ್ಲ ಬೂಬೂ. ಗಾಡಿ ಶುರುವಾದ ದಿನದಿಂದ ಅವನ ಮುಖ ನೋಡಿಕೊಂಡೇ ಚಹಾ ಕುದಿಸಿದ್ದೇನೆ.

ಅವನ ಮನೆತನ ಘಾಟಬೋರಾಳದ್ದು. ತಂದೆ ಸಂಘಪಾಲ ಕೂಲಿ ಮಾಡಿ ಮಾಡಿ ನಮ್ಮೂರಲ್ಲಿ ಎರಡೆಕರೆ ಹೊಲ ಮಾಡಿಕೊಂಡಿದ್ದ. ರೈಲು ಬರುತ್ತದೆ, ಇನ್ನೇನು ಬಂತು ಎಂದು ಹೇಳುತ್ತ ಒಂದು ತಲೆಮಾರು ಮುದುಕಾಯಿತು. ಅಳೆದರು, ಕಲ್ಲು ನೆಟ್ಟರು, ಮತ್ತೆ ಅಳೆದರು. ಸಂಘಪಾಲ ಕಾದು ಕಾದು ಸತ್ತ. ಆಮೇಲೆ ಹಳಿ ಬಂತು. ಊರು ಒಂದು ಕಡೆ, ಹೊಲಗಳೆಲ್ಲ ಇನ್ನೊಂದು ಕಡೆ ಬಿದ್ದವು. ದಾಟಲು ಕೆಳಸೇತುವೆ ಇತ್ತು, ಆದರೆ ಅರ್ಧ ಮೈಲಿ ದೂರ. ತಲೆಯ ಮೇಲೆ ಬುಟ್ಟಿ ಹೊತ್ತುಕೊಂಡು ಅಷ್ಟು ಸುತ್ತು ಯಾರು ಹಾಕುತ್ತಾರೆ?

ನಿಲ್ಲುವುದು ಬೆಳಿಗ್ಗೆ ಎರಡು ಗಾಡಿ, ಸಂಜೆ ಎರಡು. ಒಂದು ಕಲಬುರಗಿ ಕಡೆಗೆ, ಒಂದು ಬೀದರ ಕಡೆಗೆ. ಅಷ್ಟಕ್ಕೇ ಊರಿಗೆ ಎಂಥ ಜಂಬ! ಬಸವಕಲ್ಯಾಣಕ್ಕೆ ಹಳಿಯೇ ಇಲ್ಲ, ಆ ಕಡೆಯ ಮೋರಖಂಡಿಯ ಬೀಗರು ಗಾಡಿ ಹತ್ತಬೇಕೆಂದರೆ ಜೀಪು ಹಿಡಿದು ಇತ್ತ ಬರಬೇಕು. ಬಂದವರಿಗೆ ನಮ್ಮ ಜನ ಅಂಬಾದಾಸನನ್ನು ತೋರಿಸುತ್ತಿದ್ದರು. ಹೊಲಕ್ಕೆ ಹೊರಟವರು ಹಳಿಯ ಅಂಚಿಗೆ ನಿಂತು ಕೂಗುವರು, “ಗಾಡಿ ಹೋತೇನಪಾ?” ಅವನು ಕಿಟಕಿಯಿಂದ ಕೈ ಬೀಸುವನು, “ಹೋತ್ರಿ, ದಾಟ್ರಿ.” ಅವನ ಮಾತು ಊರಿಗೆ ಗೇಟಿದ್ದ ಹಾಗೆ. ಅದರಲ್ಲಿ ಅವನಿಗೆ ಸುಖವೂ ಇತ್ತು, ಸುಳ್ಳು ಯಾಕೆ ಹೇಳಲಿ.

ಆಗಿನ ಡೀಸೆಲ್ ಎಂಜಿನ್ನಿನ ಸದ್ದು ಎರಡು ಊರಾಚೆಯಿಂದ ಕೇಳುತ್ತಿತ್ತು. ಆಮೇಲೆ ಕಂಬ ನೆಟ್ಟು ತಂತಿ ಎಳೆದರು, ಕರೆಂಟಿನ ಎಂಜಿನ್ ಬಂತು. ಅದರ ಸದ್ದು ಗಾಳಿ ಎದುರಾದರೆ ಮೈಮೇಲೆ ಬರುವ ತನಕ ಕೇಳುವುದಿಲ್ಲ. ತಿರುವಿನಲ್ಲಿ ಜಾಲಿ ಬೆಳೆದು ಕಣ್ಣಿಗೂ ಕಾಣುವುದಿಲ್ಲ. ಮೊದಲು ಒಂದು ನಾಯಿ ಹೋಯಿತು. ಸೋಯಾಬೀನ್ ಕೊಯ್ಲಿನ ಹೊತ್ತಿಗೆ ಹಣಮಂತನ ಎರಡು ಆಡು ಹೋದವು, ಅದೂ ಅಂಬಾದಾಸ “ಹೋತು” ಎಂದ ಹತ್ತೇ ನಿಮಿಷಕ್ಕೆ. ಹಣಮಂತ ಆಡಿನ ಕಾಲೊಂದನ್ನು ಹಿಡಿದುಕೊಂಡು ಬಂದು ಕಿಟಕಿಯ ಮುಂದೆ ಇಟ್ಟ. “ನೀನೇ ಹೋತು ಅಂದೀ, ಅಂಬಾದಾಸ. ಯಾವ ಗಾಡಿ ಇದು?”

ಹಣಮಂತ ಹೋದ ಮೇಲೆ ಅಂಬಾದಾಸ ನನ್ನ ಅಂಗಡಿಗೆ ಬಂದು ಕೂತ.

“ಬೂಬೂ, ನನಗ ಗೊತ್ತಿರೋದು ನಿಲ್ಲೋ ಗಾಡಿ ಅಷ್ಟೇ. ನಿಲ್ಲಲಾರದ್ದು, ಮಾಲಗಾಡಿ, ಸ್ಪೆಷಲ್ಲು, ಅವು ಯಾವಾಗ ಬರ್ತಾವ ನನಗ್ಯಾಕ ಹೇಳ್ತಾರ? ಅದು ನನ್ನ ಕೆಲಸೇ ಅಲ್ಲ.”

“ಮತ್ತ ಇಷ್ಟು ದಿನ ಯಾವ ಧೈರ್ಯದ ಮ್ಯಾಲ ಕೈ ಬೀಸಿದ್ಯೋ, ಹುಚ್ಚ ಸುಳೇಮಗನ?” ಎಂದೆ. ಬಾಯಿ ನನ್ನದು ಹಾಗೆಯೇ.

“ನಮ್ಮವ್ವ ದಿನಾ ನಾಕು ಸಲ ದಾಟ್ತಾಳ,” ಎಂದ.

ಅವನ ತಾಯಿ ಶೇವಂತಾಬಾಯಿ ಎಪ್ಪತ್ತರ ಮುದುಕಿ. ತೊಗರಿ ಹೊಲದಲ್ಲಿ ಕೆಲಸ ಮಾಡುವ ಸೊಸೆ ಮನೀಷಾಗೆ ರೊಟ್ಟಿ ಒಯ್ಯುವುದು ಅವಳ ಕೆಲಸ. ಕೆಳಸೇತುವೆ ಹಿಡಿದು ಹೋಗವ್ವ ಎಂದು ಮಗ ಕಾಲಿಗೆ ಬಿದ್ದ. ಎರಡು ದಿನ ಹೋದಳು, ಮೂರನೆಯ ದಿನ ಮೊಣಕಾಲು ಹಿಡಿದುಕೊಂಡು ಹಳಿಗೇ ಬಂದಳು.

ಮರುವಾರ ಅಂಬಾದಾಸ ಪ್ಲಾಟ್‌ಫಾರಮ್ಮಿನ ಮೇಲೆ ನಿಂತು ಎಲ್ಲರಿಗೂ ಹೇಳಿದ, “ನನ್ನ ಕೇಳಬ್ಯಾಡ್ರಿ. ನನಗ ಗೊತ್ತಿಲ್ರಿ.” ಜನ ನಕ್ಕರು. “ಅಂಬಾದಾಸಗ ಗೊತ್ತಿಲ್ಲಂದ್ರ ಮತ್ಯಾರಿಗಿ ಗೊತ್ತಪಾ?” ಎಂದರು. ಮರುದಿನವೂ ಕೇಳಿದರು, ಅದರ ಮರುದಿನವೂ. ಕಡೆಗೆ ಅವನು ಟಿಕೇಟಿನ ಹೊತ್ತು ಬಿಟ್ಟು ಉಳಿದ ಹೊತ್ತಿಗೆಲ್ಲ ಕಿಟಕಿ ಮುಚ್ಚಿ, ಒಳಗೆ ಚಿಲಕ ಹಾಕಿಕೊಂಡು ಕೂರತೊಡಗಿದ. ಕೇಳಿದರೆ ತಾನೇ ಹೇಳಬೇಕು?

ಆಗ ಏನಾಯಿತು ಗೊತ್ತೇ? ಗಾಡಿ ಬರುವ ಅರ್ಧ ತಾಸು ಮೊದಲು ಅವನು ಟಿಕೇಟಿಗೆ ಕಿಟಕಿ ತೆರೆಯುತ್ತಾನಲ್ಲ, ಹಾಗಾಗಿ ಕಿಟಕಿ ಮುಚ್ಚಿದ್ದರೆ ಗಾಡಿಯಿಲ್ಲ ಎಂದು ಜನ ತಾವೇ ತೀರ್ಮಾನಿಸಿಕೊಂಡರು. ಈಗ ಕೂಗುವ ಕಷ್ಟವೂ ತಪ್ಪಿತು. ಕಿಟಕಿಯ ಕಡೆ ಒಮ್ಮೆ ನೋಡುವುದು, ಮುಚ್ಚಿದೆಯೇ, ದಾಟುವುದು. ಆಡುಗಳೂ, ಸ್ಕೂಲಿನ ಹುಡುಗಿಯರೂ, ಎಲ್ಲರೂ. ನೋಡಿ ನೋಡಿ ಅಂಬಾದಾಸನಿಗೆ ಹೇಳಿದೆ. “ತೆಗದ್ರೂ ನಾನೇ, ಮುಚ್ಚಿದ್ರೂ ನಾನೇ. ಎಲ್ಲಿಗಿ ಹೋಗಲಿ ಬೂಬೂ?” ಎಂದು ಅತ್ತುಬಿಟ್ಟ.

ಮಂಗಳವಾರ, ಮಧ್ಯಾಹ್ನ ಹನ್ನೆರಡೂವರೆ. ಬಿಸಿಲು ಜೋರಿತ್ತು, ಪ್ಲಾಟ್‌ಫಾರಮ್ಮಿನ ಮೇಲೆ ಯಾರೋ ಹರವಿದ ತೊಗರಿ ಒಣಗುತ್ತಿತ್ತು. ಶೇವಂತಾಬಾಯಿ ರೊಟ್ಟಿಯ ಬುಟ್ಟಿ ಹೊತ್ತು ಬಂದಳು, ಕಿಟಕಿ ನೋಡಿದಳು, ಹಳಿಗೆ ಇಳಿದಳು. ಅದೇ ಹೊತ್ತಿಗೆ ಜಾಲಿಯ ಹಿಂದೆ ಎಂಜಿನ್ನಿನ ಮೂತಿ ಕಂಡಿತು. ಮಾಲಗಾಡಿ. ಯಾ ಅಲ್ಲಾ! ನಾನು ಗಂಟಲು ಹರಿಯುವಂತೆ ಕೂಗಿದೆ, “ಅಂಬಾದಾಸ, ನಿಮ್ಮವ್ವ! ನಿಮ್ಮವ್ವ ಹಳಿ ಮ್ಯಾಲ!”

ಎಂಜಿನ್ ಸೀಟಿ ಹೊಡೆಯಿತು. ಮುಚ್ಚಿದ ಕೋಣೆಯ ಒಳಗಿನಿಂದಲೇ ಅವನು ಚೀರಿದ, “ಅವ್ವಾ! ಅವ್ವಾ!” ಚಿಲಕ ತೆಗೆಯಲು ಕೈ ಬರಲಿಲ್ಲವಂತೆ. ಬಾಗಿಲು ತೆರೆದು ಹೊರಗೆ ಬರುವಷ್ಟರಲ್ಲಿ ಡಬ್ಬಿಗಳು ಒಂದರ ಹಿಂದೆ ಒಂದು ಓಡುತ್ತಿದ್ದವು. ಅವು ಮುಗಿಯುವ ತನಕ ನಾನು ಅವನ ಅಂಗಿ ಹಿಡಿದು ನಿಂತಿದ್ದೆ.

ಈಗ ಟಿಕೇಟು ಕೊಡಲು ಬೇರೆಯವರು ಬಂದಿದ್ದಾರೆ. ಅಂಬಾದಾಸ ಹೊಲಕ್ಕೆ ಕೆಳಸೇತುವೆ ಸುತ್ತಿಕೊಂಡೇ ಹೋಗುತ್ತಾನೆ, ಹೋಗುವಾಗ ನನ್ನಲ್ಲಿ ಕೂತು ಅದೊಂದೇ ಮಾತು ಆಡುತ್ತಾನೆ. “ಒಂದ್ ಕ್ಷಣ ಮೊದಲ ಕೂಗಿದ್ರ ಅವ್ವ ದಾಟ್ತಿದ್ಳು ಬೂಬೂ. ತಡಾ ಮಾಡಿದ್ನಿ.” ನಾನು ಚಹಾ ಸೋಸುತ್ತೇನೆ, ಹೌದಪ್ಪ ಎನ್ನುತ್ತೇನೆ. ಅವನು ಚೀರುವಾಗ ಶೇವಂತಾಬಾಯಿ ಆಗಲೇ ದಾಟಿ ಆಚೆಯ ಜಲ್ಲಿಯ ಮೇಲೆ ನಿಂತಿದ್ದಳು. ನನ್ನ ಕಣ್ಣಾರೆ ಕಂಡಿದ್ದೇನೆ. ಮಗನ ಚೀರು ಕೇಳಿ, ಅವನಿಗೆ ಏನಾಯಿತೋ ಎಂದು, ಬುಟ್ಟಿ ಎಸೆದು ತಿರುಗಿ ಹಳಿಗೆ ಬಂದಳು.