ಜರ್ಮನ್ ಲೆನ್ಸಿನಲ್ಲಿ ನೆಟ್ಟಗೆ ಕಂಡ ಸೀರೆ

ದೊಡ್ಡಬಳ್ಳಾಪುರದಲ್ಲಿ ನಾನು ಕೆಲಸ ಮಾಡುವ ಕನ್ನಡಕದ ಅಂಗಡಿಗೆ ಬರುವವರು ಮೊದಲು ಕೇಳುವುದು ಕಣ್ಣಿನ ವಿಷಯವಲ್ಲ, ದೇಶದ ವಿಷಯ. ‘ಇದು ಎಲ್ಲೀದು?’ ಎನ್ನುತ್ತಾರೆ. ಇಂಡಿಯಾದ್ದು ಎಂದರೆ ಲೆನ್ಸನ್ನು ಎರಡು ಬೆರಳಿನಲ್ಲಿ ಹಿಡಿದು, ಹಳಸಿದ ಚಟ್ನಿ ಮೂಸಿದವರ ಹಾಗೆ ಮುಖ ಮಾಡಿ ಕೆಳಗಿಡುತ್ತಾರೆ. ಜಪಾನ್ ಎಂದರೆ ಬೆನ್ನು ನೆಟ್ಟಗಾಗುತ್ತದೆ. ಜರ್ಮನ್ ಎಂದರೆ ಮನೆಯವರನ್ನೂ ಕರೆದು ತೋರಿಸುತ್ತಾರೆ.

ಪಿಯುಸಿಯಿಂದ ನಾನು ದಿನಚರಿ ಇಟ್ಟಿದ್ದೇನೆ. ಮನಸ್ಸಿಗೆ ಏನನ್ನಿಸಿತು ಎಂದು ಬರೆಯುವ ಅಭ್ಯಾಸವಿಲ್ಲ. ತಾರೀಖು, ನಡೆದದ್ದು, ಎಷ್ಟು ಸಲ ನಡೆಯಿತು, ಅಷ್ಟೆ. ಕಳೆದ ಫೆಬ್ರವರಿಯಲ್ಲಿ ಇದನ್ನೂ ಎಣಿಸೋಣ ಅನ್ನಿಸಿತು. ಲೆನ್ಸು ಎಲ್ಲಿಯದು ಎಂದು ಕೇಳಿದವರು ಅರವತ್ತೆರಡು ಜನ. ಇದನ್ನು ಹಾಕಿಕೊಂಡರೆ ಸೂಜಿಗೆ ದಾರ ಪೋಣಿಸಬಹುದಾ ಎಂದು ಕೇಳಿದವರು ನಾಲ್ವರು. ನಾಲ್ವರೂ ಹೆಂಗಸರು.

ಅರವತ್ತೆರಡು ಜನರಿಗೆ ಗೊತ್ತಿಲ್ಲದ ವಿಷಯವೆಂದರೆ, ನಮ್ಮ ಅಂಗಡಿಯ ಲೆನ್ಸುಗಳಲ್ಲಿ ಹೆಚ್ಚಿನವು ಹುಟ್ಟಿದ್ದು ಹೊರಗೇ. ದಪ್ಪ ಬಿಲ್ಲೆಗಳು ಚೀನಾದಿಂದಲೋ ಥಾಯ್ಲೆಂಡಿನಿಂದಲೋ ಬರುತ್ತವೆ. ಇಲ್ಲಿ ಅವನ್ನು ನಂಬರಿಗೆ ತಕ್ಕಂತೆ ಉಜ್ಜಿ, ಕೋಟಿಂಗ್ ಹಚ್ಚಿ, ಫ್ರೇಮಿನ ಆಕಾರಕ್ಕೆ ಕತ್ತರಿಸುತ್ತಾರೆ. ಮೂಗು ಮುರಿದು ಕೆಳಗಿಟ್ಟದ್ದೂ ಎದೆಗೆ ಅವಚಿಕೊಂಡದ್ದೂ ಎಷ್ಟೋ ಸಲ ಒಂದೇ ಊರಿನ ಅಕ್ಕತಂಗಿಯರು. ಬೇರೆಯಾಗಿರುವುದು ಲಕೋಟೆ. ಅದರ ಮೇಲೆ ದೊಡ್ಡ ಅಕ್ಷರದಲ್ಲಿ ಕಂಪನಿಯ ಹೆಸರು, ಮೂಲೆಯಲ್ಲಿ ಇರುವೆಯಷ್ಟು ಅಕ್ಷರದಲ್ಲಿ ಮಾಡಿದ ಜಾಗ. ಆ ಇರುವೆ ಅಕ್ಷರ ಓದಲಾರದವರೇ ಕನ್ನಡಕಕ್ಕೆ ಬರುವುದರಿಂದ ಕಂಪನಿಗೂ ತೊಂದರೆಯಿಲ್ಲ, ನಮ್ಮ ಮಾಲೀಕರಿಗೂ ತೊಂದರೆಯಿಲ್ಲ.

ಲೆನ್ಸು ತಡವಾದರೆ ಮಾಲೀಕರು ಹೇಳುವ ಕಾರಣಗಳಿಗೂ ದಿನಚರಿಯಲ್ಲಿ ಜಾಗ ಕೊಟ್ಟಿದ್ದೇನೆ. ಚೆನ್ನೈ ಬಂದರಿನಲ್ಲಿ ಪೆಟ್ಟಿಗೆ ಸಿಕ್ಕಿಹಾಕಿಕೊಂಡಿದೆ, ಕಸ್ಟಮ್ಸಿನವರು ತಡೆದಿದ್ದಾರೆ, ಡಾಲರ್ ಏರಿದೆ, ಚೀನಾದಲ್ಲಿ ಹೊಸ ವರ್ಷದ ರಜೆ. ಚೀನಾದ ಹೊಸ ವರ್ಷ ನಮ್ಮ ಅಂಗಡಿಯಲ್ಲಿ ಯುಗಾದಿಯವರೆಗೂ ನಡೆಯುತ್ತದೆ. ಒಮ್ಮೊಮ್ಮೆ ಪಾರ್ಸಲ್ ವಿಮಾನದಲ್ಲೂ ಬರುತ್ತದೆ. ಪಕ್ಕದ ದೇವನಹಳ್ಳಿಯಲ್ಲಿ ಇಳಿದದ್ದು ಬೆಂಗಳೂರಿಗೆ ಹೋಗಿ, ಅಲ್ಲಿನ ಗೋದಾಮಿನಲ್ಲಿ ಮಲಗಿ ಎದ್ದು, ಆಮೇಲೆ ನಮ್ಮೂರಿನ ಬಸ್ಸು ಹತ್ತುತ್ತದೆ. ನಾವು ಬಾಗಿಲಲ್ಲಿ ನಿಂತು ತಲೆ ಮೇಲೆ ಹಾರುವ ವಿಮಾನ ನೋಡುತ್ತಾ ಗಿರಾಕಿಗೆ ಇನ್ನೊಂದು ವಾರ ಎನ್ನುತ್ತೇವೆ.

ಇಂಥ ಅಂಗಡಿಗೆ ಜನವರಿಯಲ್ಲಿ ನಮ್ಮಪ್ಪ ಗಿರಾಕಿಯಾಗಿ ಬಂದರು.

ಅಪ್ಪ ನೇಕಾರರು. ಮನೆಯ ಮುಂದಿನ ಉದ್ದನೆಯ ಕೋಣೆಯಲ್ಲಿ ಎರಡು ವಿದ್ಯುತ್ ಮಗ್ಗಗಳಿವೆ. ಸಾಹುಕಾರರೊಬ್ಬರು ಹಾಸು, ಅಂದರೆ ಮಗ್ಗದ ಉದ್ದಕ್ಕೆ ಹೂಡುವ ನೂಲು, ಮತ್ತು ಜರಿ ಕೊಡುತ್ತಾರೆ. ಅಪ್ಪ ಕೂಲಿಗೆ ರೇಷ್ಮೆ ಸೀರೆ ನೇಯ್ದು ಕೊಡುತ್ತಾರೆ. ಅಮ್ಮ ಲಾಳಿಗೆ ನೂಲು ಸುತ್ತಿ, ಕಡಿದ ಎಳೆ ಕೂಡಿಸುತ್ತಾಳೆ. ಅಪ್ಪನಿಗೆ ದೂರದ್ದು ಚೆನ್ನಾಗಿಯೇ ಕಾಣುತ್ತದೆ, ಕೈಯಳತೆಯೊಳಗಿನದು ಮಂಜು. ಅವರ ಬಳಿ ನಡುವೆ ಗೆರೆಯಿರುವ ಹಳೆಯ ಗಾಜಿನ ಕನ್ನಡಕವೊಂದಿತ್ತು, ಗೀರು ಬಿದ್ದು ಬಿದ್ದು ಗಾಜು ಬೆಳ್ಳಗಾಗಿತ್ತು. ಹಳೆಯದು ಕೊಟ್ಟು ಹೊಸದು ಕೊಳ್ಳಿ ಎಂಬ ನಮ್ಮ ಅಂಗಡಿಯ ಬ್ಯಾನರ್ ನೋಡಿ ಬಂದಿದ್ದರು.

ಕೈಯಳತೆಗೆ ಮಾತ್ರ ಸಾದಾ ಲೆನ್ಸು ಹಾಕಿಸಿದರೆ ಸಾಕು ಎಂದು ನಾನು ಹೇಳುವಷ್ಟರಲ್ಲಿ ಮಾಲೀಕರು ಕುರ್ಚಿಯಿಂದ ಎದ್ದು ಬಂದರು.

“ಯಜಮಾನ್ರೇ, ಮಗಳು ಇಲ್ಲೇ ಕೆಲಸ ಮಾಡ್ತಾಳೆ, ನಿಮಗೆ ಸಾದಾ ಮಾಲು ಕೊಟ್ ಕಳಿಸಿದ್ರೆ ನನಗೇ ಮರ್ಯಾದೆ ಇಲ್ಲ. ಜರ್ಮನ್ ಇದೆ. ದೂರ, ಹತ್ರ, ಮಧ್ಯ ಎಲ್ಲಾ ಒಂದ್ರಲ್ಲೇ. ಗೆರೆ ಇರಲ್ಲ. ವಯಸ್ಸಾಯ್ತು ಅಂತ ಯಾರಿಗೂ ಗೊತ್ತಾಗಲ್ಲ.”

ಕೊನೆಯ ಮಾತಿಗೆ ಅಪ್ಪ ಬಿದ್ದರು. ಹಳೆಯ ಕನ್ನಡಕ ಕೌಂಟರಿನ ಕೆಳಗಿನ ರಟ್ಟಿನ ಡಬ್ಬಕ್ಕೆ ಬಿತ್ತು, ಅಲ್ಲಿಂದ ವಾರದ ಕಸಕ್ಕೆ.

ಆ ಲೆನ್ಸಿನ ಗುಣ ನನಗೆ ಗೊತ್ತಿತ್ತು. ನಡುವಿನ ಸಣ್ಣ ದಾರಿಯಲ್ಲಿ ಮಾತ್ರ ಎಲ್ಲ ಸ್ಪಷ್ಟ. ಎರಡು ಪಕ್ಕದಲ್ಲಿ ಮಸುಕು, ಅಲ್ಲಿ ನೇರ ಗೆರೆಯೂ ಬಾಗಿದಂತೆ ಕಾಣುತ್ತದೆ. ಪಕ್ಕದ್ದು ನೋಡಬೇಕಾದರೆ ಕಣ್ಣು ಹೊರಳಿಸಬಾರದು, ತಲೆಯನ್ನೇ ತಿರುಗಿಸಬೇಕು. ಕಚೇರಿಯಲ್ಲಿ ಕೂತವರಿಗೆ ಅದು ಸಾಧ್ಯ. ನೇಕಾರ ಮಗ್ಗದ ಮುಂದೆ ನಿಂತು ಈ ಅಂಚಿನಿಂದ ಆ ಅಂಚಿಗೆ ಕಣ್ಣು ಓಡಿಸುತ್ತಲೇ ಇರುತ್ತಾನೆ. ಇದನ್ನು ಮನೆಯಲ್ಲಿ ಹೇಳಿದೆ. ಅಪ್ಪ ಕನ್ನಡಕ ತೆಗೆದು, ಪಂಚೆಯ ತುದಿಯಲ್ಲಿ ಒರೆಸಿ, ಮತ್ತೆ ಹಾಕಿಕೊಂಡರು. ಜರ್ಮನಿಯವರಿಗೆ ಗೊತ್ತಿಲ್ಲದ್ದು ನಿನಗೆ ಗೊತ್ತಾ ಎಂದರು.

ಮೊದಲ ದಿನವೇ ಬಟ್ಟೆಯ ಅಂಚು ಬಾಗಿದ ಹಾಗಿದೆ ಎಂದು ಅವರು ಅಂಗಡಿಗೆ ಬಂದು ದೂರಿದ್ದರು. ಮಾಲೀಕರ ಉತ್ತರ ಸಿದ್ಧವಿತ್ತು, ನಾನು ಅದನ್ನು ಎಷ್ಟೋ ಸಲ ಬರೆದುಕೊಂಡಿದ್ದೇನೆ: ಹಾಕ್ಕೊಳ್ತಾ ಹಾಕ್ಕೊಳ್ತಾ ಅಭ್ಯಾಸ ಆಗುತ್ತೆ. ಅಪ್ಪ ತಲೆಯಾಡಿಸಿ ಬಂದರು. ಆಮೇಲೆ ದೂರಲಿಲ್ಲ. ಅಭ್ಯಾಸವಾಯಿತು ಎಂದು ನಾನೂ ಸುಮ್ಮನಾದೆ.

ಫೆಬ್ರವರಿಯ ಕೊನೆಯಲ್ಲಿ ಸೀರೆಗಳನ್ನು ಹೊತ್ತು ಸಾಹುಕಾರರ ಮನೆಗೆ ಅಪ್ಪನ ಜೊತೆ ನಾನೂ ಹೋಗಿದ್ದೆ. ಸಾಹುಕಾರರು ಸೀರೆ ನೋಡುವ ಕ್ರಮ ಒಂದೇ. ಉದ್ದಕ್ಕೆ ನಾಲ್ಕಾಗಿ ಮಡಿಸಿ, ಅಂಚನ್ನು ನಡುವಿನ ಮಡಿಕೆಗೆ ಜೋಡಿಸಿ ಹಿಡಿದು ಇಳಿಬಿಡುತ್ತಾರೆ. ಅಡ್ಡಕ್ಕೆ ಹಾಯುವ ಹೊಕ್ಕಿನ ಎಳೆ ನೇರವಾಗಿ ಕೂತಿದ್ದರೆ ಪಟ್ಟೆಗೆ ಪಟ್ಟೆ, ಮೂಲೆಗೆ ಮೂಲೆ ಸೇರುತ್ತದೆ. ಅಪ್ಪನ ಸೀರೆ ಯಾವತ್ತೂ ಸೇರುತ್ತಿತ್ತು. ಅವತ್ತು ಮೊದಲನೆಯದು ಸೇರಲಿಲ್ಲ. ಸೆರಗಿನ ಪಟ್ಟೆ ನಡುವೆ ಉಬ್ಬಿ, ಅಂಚಿನ ಕಡೆ ಇಳಿದಿತ್ತು. ಎರಡನೆಯದೂ ಹಾಗೆಯೇ. ಸಾಹುಕಾರರು ಮೂರನೆಯದನ್ನು ಬಿಚ್ಚಲೇ ಇಲ್ಲ.

“ಏನಪ್ಪಾ, ಇನ್ನ ಕೈಲಾಗಲ್ವಾ? ಮಗ್ಗದಲ್ಲಿ ಇನ್ನೂ ಮೂರು ಸೀರೆಗಾಗೋಷ್ಟು ಹಾಸು ಇದೆಯಲ್ಲ, ಅವು ನೋಡ್ತೀನಿ. ಅವೂ ಹಿಂಗೇ ಬಂದ್ರೆ ಮುಂದಿನ ಹಾಸು ಬೇರೆಯವ್ರಿಗೆ ಹಾಕ್ಬಿಡ್ತೀನಿ. ಬೇಜಾರ್ ಮಾಡ್ಕೋಬೇಡ.”

ಸಾಹುಕಾರರು ಹಾಸು ಕೊಡದಿದ್ದರೆ ಆ ಎರಡು ಮಗ್ಗ ಕಬ್ಬಿಣದ ತೂಕಕ್ಕೆ ಹೋಗುವಂಥವು. ನಮ್ಮ ಬೀದಿಯಲ್ಲಿ ಹಾಗೆ ಹೋದ ಮಗ್ಗಗಳನ್ನು ನೋಡಿದ್ದೇವೆ. ಮನೆಗೆ ಬಂದು ಅಪ್ಪ ಅಮ್ಮನಿಗೆ ಹೇಳಿದ್ದು ಒಂದೇ ಮಾತು. ಕೈ ಹೋಯ್ತು ಕಣೇ ಅಂದರು.

ಮಂಗಳವಾರ ಅಂಗಡಿಗೆ ರಜೆ. ಬೆಳಿಗ್ಗೆ ಮಗ್ಗದ ಕೋಣೆಗೆ ಹೋದಾಗ ಅಪ್ಪ ಮಗ್ಗ ನಿಲ್ಲಿಸಿ, ಹಣಿಗೆಯ ಎರಡು ಕೊನೆಗಳ ಹಿಂದೆ ರಟ್ಟಿನ ಚೂರು ತುರುಕುತ್ತಿದ್ದರು. ಹಾಸಿನ ಎಳೆಗಳನ್ನು ಬೇರೆಬೇರೆಯಾಗಿ ಹಿಡಿದು, ಹೊಕ್ಕಿನ ಎಳೆಯನ್ನು ತಳ್ಳಿ ಕೂರಿಸುವ ಬಾಚಣಿಗೆಯಂಥ ಭಾಗವೇ ಹಣಿಗೆ. ಅದರ ಕೊನೆಗಳನ್ನು ಮುಂದಕ್ಕೆ ತಂದರೆ ಅಂಚಿನ ಕಡೆ ಎಳೆ ಹೆಚ್ಚು ಮುಂದೆ ಹೋಗಿ ಕೂರುತ್ತದೆ. ಅಲ್ಲಿ ಆಗಲೇ ಎರಡು ಪದರ ರಟ್ಟಿತ್ತು. ಅದರಲ್ಲಿ ಒಂದು ಪದರ ಜರ್ಮನ್ ಕನ್ನಡಕದ ಲಕೋಟೆಯದೇ.

“ಈಗ ನೆಟ್ಟಗೆ ಬಂತು ನೋಡು.”

“ಸೊಟ್ಟ ಇದೆಯಪ್ಪ. ನಡುವೆ ಉಬ್ಬಿದೆ.”

“ನಿನಗೇನ್ ಗೊತ್ತಮ್ಮ. ನೀನು ಹುಟ್ಟೋಕ್ ಮುಂಚೆಯಿಂದ ನೋಡ್ತಿದೀನಿ.”

“ಕನ್ನಡಕ ತೆಗೆದು ಈ ಬಾಗಿಲ ಹತ್ರ ಬಂದು ನೋಡಿ.”

ಬಂದು ನಿಂತರು. ದೂರದ್ದು ಅವರಿಗೆ ಬರಿಗಣ್ಣಿಗೆ ಕಾಣುತ್ತದಲ್ಲ. ಒಂದು ಜರಿ ಎಳೆಯನ್ನು ಬಿಗಿಯಾಗಿ ಎಳೆದು, ಪಟ್ಟೆಯ ಎರಡು ಕೊನೆಗೆ ತಾಗುವಂತೆ ಹಿಡಿದೆ. ಎಳೆಗೂ ಪಟ್ಟೆಗೂ ನಡುವೆ ಬೆರಳು ತೂರುವಷ್ಟು ಜಾಗವಿತ್ತು. ಅಪ್ಪ ಮಗ್ಗದ ಹತ್ತಿರ ಬಂದು ಕನ್ನಡಕ ಹಾಕಿದರು. ತೆಗೆದು ಬಾಗಿಲಿಗೆ ಹೋದರು. ಮತ್ತೆ ಬಂದರು. ಕನ್ನಡಕದೊಳಗೆ ನಾನು ಬಿಗಿದು ಹಿಡಿದ ಎಳೆಯೇ ಬಾಗಿತ್ತಂತೆ, ಪಟ್ಟೆ ನೆಟ್ಟಗಿತ್ತಂತೆ. ಮೂರನೆಯ ಸಲ ಬಂದವರು ಹಾಕಿಕೊಳ್ಳಲಿಲ್ಲ, ಕೈಯಲ್ಲೇ ಹಿಡಿದು ನಿಂತರು.

ನೇರವಾಗಿದ್ದ ಬಟ್ಟೆಯನ್ನು ಲೆನ್ಸು ಬಾಗಿಸಿ ತೋರಿಸಿತ್ತು. ಇವರು ಲೆನ್ಸನ್ನು ಅನುಮಾನಿಸದೆ ಮಗ್ಗವನ್ನು ಅನುಮಾನಿಸಿದ್ದರು. ಲೆನ್ಸಿನಲ್ಲಿ ನೆಟ್ಟಗೆ ಕಾಣುವವರೆಗೂ ರಟ್ಟು ಇಟ್ಟು ಇಟ್ಟು ಬಟ್ಟೆಯನ್ನು ನಿಜವಾಗಿ ಸೊಟ್ಟ ಮಾಡಿದ್ದರು. ಎಳೆ ಕೂಡಿಸುವ ಅಮ್ಮ ಸೊಟ್ಟ ಬರ್ತಿದೆ ಎಂದು ಎರಡು ಸಲ ಹೇಳಿದ್ದಳಂತೆ. ಅವಳ ಕಣ್ಣು ಲೋಕಲ್ ಕಣ್ಣು.

ನನಗೆ ಬಂದ ಸಿಟ್ಟನ್ನು ಹಂಚಲು ಜನ ಬೇಕಾದಷ್ಟಿದ್ದರು. ಮರುದಿನ ಮಾಲೀಕರಿಗೆ ನಡೆದದ್ದನ್ನು ಹೇಳಿದೆ. ಅವರು ಒಪ್ಪಲಿಲ್ಲ, ಜರ್ಮನ್ ಲೆನ್ಸು ತಪ್ಪು ತೋರಿಸಲ್ಲ, ನಿಮ್ಮಪ್ಪ ನೋಡುವ ರೀತಿ ತಪ್ಪು ಎಂದರು. ಸಾದಾ ಲೆನ್ಸೇ ಹಾಕಿಕೊಡಿ ಎಂದೆ. ಅಪ್ಪನ ಒಂದು ಕಣ್ಣಿಗೆ ಕೊಂಚ ಓರೆ ನಂಬರ್, ಅಂಗಡಿಯವರು ಸಿಲಿಂಡರ್ ಅನ್ನುವಂಥದ್ದು. ಅದಕ್ಕೆ ತಕ್ಕ ಬಿಲ್ಲೆ ಗೋದಾಮಿನಲ್ಲಿ ಖಾಲಿಯಾಗಿತ್ತು. ಅಂಗಡಿಯ ಅತಿ ಅಗ್ಗದ, ಯಾರೂ ಎಲ್ಲಿಯದೆಂದು ಕೇಳದ ಲೆನ್ಸಿಗೂ ಹಡಗೇ ಬರಬೇಕು. ಕಾರಣ ಈ ಸಲ ಬಂದರಿನದ್ದು. ಬರೆದುಕೊಂಡೆ.

ಸಾಹುಕಾರರು ಕೊಟ್ಟ ಗಡುವು ಬಂದರಿಗೆ ಕಾಯುವಂಥದ್ದಲ್ಲ. ಕಣ್ಣು ಪರೀಕ್ಷಿಸುವಾಗ ಮುಖಕ್ಕೆ ಹಾಕುವ ಉಕ್ಕಿನ ಚೌಕಟ್ಟನ್ನು, ಅದರ ಲೆನ್ಸುಗಳ ಪೆಟ್ಟಿಗೆಯ ಸಮೇತ, ಒಂದು ದಿನಕ್ಕೆ ಕೇಳಿದೆ. ದುಂಡಗಿನ ಎರಡು ಬಳೆಗಳು, ಲೆನ್ಸು ಇಳಿಸುವ ಸಂದುಗಳು, ಪಕ್ಕದಲ್ಲಿ ತಿರುಪು. ಮಾಲೀಕರು ನಕ್ಕರು. ತಗೊಂಡ್ ಹೋಗಮ್ಮ, ಆದರೆ ನಮ್ಮ ಅಂಗಡಿ ಹೆಸರು ಹೇಳ್ಬೇಡ ಎಂದರು. ಅವರಿಗೆ ನಾಚಿಕೆಯಾದದ್ದು ಆ ಚೌಕಟ್ಟಿಗೆ, ಅಪ್ಪನಿಗೆ ಮಾರಿದ್ದಕ್ಕಲ್ಲ.

ಮುಂದಿನ ರಜೆಯ ದಿನ ಅಪ್ಪ ಅದನ್ನು ಹಾಕಿಕೊಂಡು ಮಗ್ಗದ ಮುಂದೆ ನಿಂತರು. ಗಡಿಯಾರ ರಿಪೇರಿಗೆ ಕೂತ ಗೂಬೆಯ ಹಾಗೆ ಕಾಣುತ್ತಿದ್ದರು. ಅಮ್ಮ ಸೆರಗು ಬಾಯಿಗಿಟ್ಟುಕೊಂಡು ಹಿತ್ತಲಿಗೆ ಹೋದಳು. ಕೈಯಳತೆಯ ದೂರಕ್ಕೆ ಒಂದೊಂದೇ ಲೆನ್ಸು ಇಳಿಸಿ, ತೆಗೆದು, ಇಳಿಸಿ, ಎಳೆ ಎಳೆಯೂ ಬಿಡಿಯಾಗಿ ಕಾಣುತ್ತಿದೆ ಎನ್ನುವವರೆಗೆ ಬದಲಾಯಿಸಿದೆ. ಅಪ್ಪ ರಟ್ಟಿನ ಚೂರುಗಳನ್ನೆಲ್ಲ ಕಿತ್ತರು, ಸೊಟ್ಟ ನೇಯ್ದಷ್ಟನ್ನು ಬಿಚ್ಚಿ ತೆಗೆದರು, ಬೋಲ್ಟುಗಳನ್ನು ಸಡಿಲಿಸಿ ಹಣಿಗೆಯನ್ನು ಮೊದಲಿನ ಜಾಗಕ್ಕೆ ತಂದರು, ಒಂದು ಗೇಣು ನೇಯ್ದು ಅಳೆದರು, ಮತ್ತೆ ಒಂದು ಗೇಣು. ಮಗ್ಗ ಒಮ್ಮೆ ಸರಿ ಕೂತರೆ ಆಮೇಲೆ ಅಷ್ಟು ಕಣ್ಣು ಬೇಡ. ಕಡಿದ ಎಳೆಗೆ ಅಮ್ಮ ಇದ್ದಳು. ಸಂಜೆಯ ಹೊತ್ತಿಗೆ ಪಟ್ಟೆ ನೇರವಾಗಿ ಬರುತ್ತಿತ್ತು. ಹಾಳಾದ ಸೀರೆಗಳಿಗಿಂತ ಹೆಚ್ಚಾಗಿ, ಯಾರಾದರೂ ಈ ಅವತಾರದಲ್ಲಿ ತಮ್ಮನ್ನು ನೋಡಿಬಿಟ್ಟರೆ ಎಂಬುದೇ ಅವರಿಗೆ ಚಿಂತೆಯಾಗಿತ್ತು.

ಮೂರು ಸೀರೆಗಳನ್ನು ಒಯ್ಯುವ ದಿನ ಅಪ್ಪ ಇಸ್ತ್ರಿ ಮಾಡಿದ ಅಂಗಿ ತೊಟ್ಟು, ಜರ್ಮನ್ ಕನ್ನಡಕವನ್ನೇ ಹಾಕಿಕೊಂಡು ಹೊರಟರು. ಸಾಹುಕಾರರು ಮಡಿಸಿ ಇಳಿಬಿಟ್ಟರು. ಮೂಲೆಗೆ ಮೂಲೆ ಸೇರಿತು. ಮೂರೂ ಸೇರಿದವು. ಹೋದ ಸಲ ಏನಾಗಿತ್ತು ಎಂದು ಕೇಳಿದರು.

“ಹಣಿಗೆ ಸಾವ್ಕಾರ್ರೇ. ಲೋಕಲ್ ಹಣಿಗೆ, ಸೊಟ್ಟ ಆಗ್ಬಿಟ್ಟಿತ್ತು. ಸರಿ ಮಾಡ್ಕೊಂಡೆ.”

ಸಾಹುಕಾರರು ಎಲ್ಲ ಅರ್ಥವಾದವರಂತೆ ತಲೆದೂಗಿದರು. ಲೋಕಲ್ ಎಂಬ ಒಂದು ಮಾತು ಸಾಕಾಯಿತು, ಮುಂದಿನ ಪ್ರಶ್ನೆಯೇ ಬರಲಿಲ್ಲ. ಆ ಹಣಿಗೆ ಕಟ್ಟಿದವರು ನಮ್ಮ ಹಿಂದಿನ ಬೀದಿಯಲ್ಲಿದ್ದಾರೆ. ಅದರ ಒಂದು ಹಲ್ಲೂ ಬಾಗಿರಲಿಲ್ಲ. ಸಾಹುಕಾರರು ಅಪ್ಪನ ಮುಖ ನೋಡಿ, ಕನ್ನಡಕ ಜೋರಾಗಿದೆ ಎಂದರು. ಜರ್ಮನ್ ಎಂದು ಅಪ್ಪ ಹೇಳಿದರು. ಹೊಸ ಹಾಸನ್ನು ಆಳಿನ ಕೈಲಿ ನಮ್ಮ ಮನೆಗೆ ಕಳಿಸಲು ಸಾಹುಕಾರರು ಒಪ್ಪಿದರು.

ಸಾಹುಕಾರರ ಬೀದಿ ದಾಟುವವರೆಗೆ ತಡೆದುಕೊಂಡೆ. ಆಮೇಲೆ ಕೇಳಿದೆ, ಸುಳ್ಳು ಯಾಕೆ ಹೇಳಿದಿರಿ, ಕನ್ನಡಕದಿಂದ ಹಿಂಗಾಯ್ತು ಅಂದಿದ್ದರೆ ಏನಾಗುತ್ತಿತ್ತು, ಪಾಪದ ಹಣಿಗೆಯವರ ಹೆಸರು ಯಾಕೆ ಕೆಡಿಸಿದಿರಿ ಎಂದು. ಒಂದೇ ಉಸಿರಿಗೆ ಕೇಳಿದೆ. ಅಪ್ಪ ನಿಲ್ಲದೆ ನಡೆಯುತ್ತಲೇ ಹೇಳಿದರು.

“ಕನ್ನಡಕ ಅಂದ್ರೆ ಅವ್ರಿಗೆ ಕಣ್ಣು ಅಂತ ಕೇಳ್ಸುತ್ತೆ ಕಣಮ್ಮ. ಹಣಿಗೆ ಕೆಟ್ಟರೆ ಇನ್ನೊಂದು ಹಾಕ್ಕೊ ಅಂತಾರೆ. ನೇಯೋನ ಕಣ್ಣು ಕೆಟ್ಟಿದೆ ಅಂತ ಗೊತ್ತಾದ್ರೆ ಹಾಸು ಯಾರ್ ಕೊಡ್ತಾರೆ?”

ಹಣಿಗೆಯವರ ಬಗ್ಗೆ ಅವರು ಏನೂ ಹೇಳಲಿಲ್ಲವೆಂಬುದನ್ನು ಮಾತ್ರ ಅವತ್ತಿನ ಪುಟದಲ್ಲಿ ಬರೆದೆ.

ಮರುದಿನ ನಾನು ಅಂಗಡಿಗೆ ಹೊರಡುವ ಹೊತ್ತಿಗೆ ಹಾಸು ಬಂತು. ಹಳೆಯ ಹಾಸಿನ ತುದಿಗೆ ಹೊಸದರ ಎಳೆಗಳನ್ನು ಒಂದೊಂದಾಗಿ ಹೊಸೆದು ಕೂಡಿಸಿ ಕೆಚ್ಚಬೇಕು, ಸಾವಿರಾರು ಎಳೆ. ಅಪ್ಪ ಜರ್ಮನ್ ಕನ್ನಡಕವನ್ನು ತೆಗೆದು ಕಿಟಕಿಯಲ್ಲಿಟ್ಟು, ಬರಿಗಣ್ಣಲ್ಲಿ ಬೆರಳಿನಿಂದಲೇ ತಡಕುತ್ತಾ ಕೂತರು. ಸಿಗದ ಎಳೆ ಹುಡುಕಿ ಅಮ್ಮ ಅವರ ಬೆರಳಿಗೆ ಕೊಡುತ್ತಿದ್ದಳು. ಸಾದಾ ಲೆನ್ಸು ಯಾವಾಗ ಬರುತ್ತೆ ಎಂದು ಅಪ್ಪ ತಲೆಯೆತ್ತದೆ ಕೇಳಿದರು. ಗೊತ್ತಿಲ್ಲ ಎಂದೆ.

“ಹೋಗ್ತಾ ಬೀದಿ ಬಾಗಿಲು ಎಳ್ಕೊಂಡು ಹೋಗು,” ಎಂದರು. “ಯಾರಾದ್ರೂ ನೋಡ್ತಾರೆ.”

ಎಳೆದುಕೊಂಡು ಹೋದೆ.