ಕೌದಿ ಕಟ್ಟಿದ ಕಿಟಕಿಗಳು

ಶೆಟ್ಟೆಪ್ಪ ಇಂಡಿಯವರನ್ನು ನಾನು ಮೊದಲು ಕಂಡದ್ದು ಕಳೆದ ಮೇ ತಿಂಗಳ ಎರಡನೆಯ ಭಾನುವಾರ, ಬೆಳಿಗ್ಗೆ ಹತ್ತೂಕಾಲಿಗೆ. ವಡಾಲ ಲೋಕಲ್ ಸ್ಟೇಷನ್ನಿನಿಂದ ಹತ್ತು ನಿಮಿಷ ನಡೆದು, ಹಳೆಯ ಬಿಲ್ಡಿಂಗೊಂದರ ಮೂರನೆಯ ಮಹಡಿ ಹತ್ತಿ ಬೆಲ್ ಒತ್ತಿದೆ. ಬಾಗಿಲು ನಾಲ್ಕು ಬೆರಳಿನಷ್ಟು ತೆರೆಯಿತು. ಒಳಗಿನ ಸರಪಳಿ ಹಾಗೇ ಇತ್ತು. ಸಂದಿಯಲ್ಲಿ ಐವತ್ತೈದರ ಆಸುಪಾಸಿನ ಮುಖ, ಮೈಮೇಲೆ ಬನಿಯನ್, ಕೊರಳಲ್ಲಿ ದೊಡ್ಡ ಹೆಡ್‌ಫೋನ್.

"ಯಾರು ಬೇಕಾಗಿತ್ರಿ?"

"ಹಾರ್ಮೋನಿಯಂ ಕಲೀಬೇಕಿತ್ರಿ," ಎಂದೆ. ಅದು ಸುಳ್ಳು.

ನನ್ನನ್ನು ಕಳಿಸಿದವರು ಬೆಳಗಾವಿಯ ಬಸವಂತಪ್ಪನವರು. ನಾನು ಕಾಲೇಜು ಓದುವಾಗ ಹಾಸ್ಟೆಲ್ ಸೀಟು ಕೊಡಿಸಿದವರು. ಅವರ ಮಗನಿಗೆ ಶೆಟ್ಟೆಪ್ಪನವರ ಮಗಳು ರೂಪಾಲಿಯನ್ನು ನೋಡಿದ್ದರು. ಹುಡುಗಿ ಮನೆಮಂದಿಗೆಲ್ಲ ಒಪ್ಪಿಗೆಯಾಗಿದ್ದಳು. ಅವಳ ಅಪ್ಪನ ಕೆಲಸದ ಮೇಲೆ ಮಾತ್ರ ಅನುಮಾನ.

"ಆಫ್ರಿಕಾದ ಸಿನಿಮಾಕ್ಕ ಸಂಗೀತ ಮಾಡ್ತಾನಂತ," ಎಂದಿದ್ದರು ಫೋನಿನಲ್ಲಿ. "ವಿಮಾನ ಹತ್ತಿಲ್ಲ, ಪಾಸ್‌ಪೋರ್ಟ್ ಸೈತ ಇಲ್ಲ. ಏನೋ ಗೋಲ್‌ಮಾಲ್ ಐತಿ, ತಮ್ಮಾ. ಗೊತ್ತಾಗದಂಗ ನೋಡಿ ಹೇಳು. ಆಮ್ಯಾಲೆ ಮುಂದಿನ ಮಾತು."

ಒಳಗೆ ಹೋದ ಮೇಲೆ ನನ್ನ ಅನುಮಾನವೂ ಹೆಚ್ಚಿತು. ಅಂಥ ಸೆಕೆಯಲ್ಲಿ ಕಿಟಕಿಗಳೆಲ್ಲ ಮುಚ್ಚಿದ್ದವು, ಅವುಗಳ ಮೇಲೆ ಎರಡೆರಡು ಕೌದಿ ಬಿಗಿದಿದ್ದರು. ಹೊರಗಿನ ಸದ್ದು ತಡೆಯಲಿಕ್ಕೆ ಎಂದರು. ಒಳಗಿನದು ಹೊರಗೆ ಹೋಗದಿರಲಿ ಅಂತಲೂ ಇರಬಹುದಲ್ಲ ಎಂದುಕೊಂಡೆ.

ನಾಲ್ಕು ಭಾನುವಾರ ಕಾಂದಿವಲಿಯ ನನ್ನ ಮನೆಯಿಂದ ಹೋಗಿ ಸರಿಗಮ ಒತ್ತಿದೆ. ಕೇಳಿದ್ದಕ್ಕೆಲ್ಲ ಅವರು ಉತ್ತರ ಕೊಡುತ್ತಿದ್ದರು. ಇಂಡಿ ತಾಲ್ಲೂಕಿನಿಂದ ಬಂದು ಆರ್ಕೆಸ್ಟ್ರಾದಲ್ಲಿ ಕೀಬೋರ್ಡ್ ನುಡಿಸಿದ್ದು, ಆಮೇಲೆ ಸ್ಟುಡಿಯೋ ಕೆಲಸ. ಅಲ್ಲಿಗೆ ತನ್ನ ಸಿನಿಮಾ ಎಡಿಟಿಂಗ್‌ಗೆಂದು ಬಂದಿದ್ದ ಬಾರಾಕಾ ಎಂಬ ಟಾಂಜಾನಿಯಾದ ನಿರ್ದೇಶಕ, "ಈ ಒಂದು ದೃಶ್ಯಕ್ಕೆ ಏನಾದರೂ ನುಡಿಸು" ಎಂದನಂತೆ. ಅಲ್ಲಿಂದ ಹದಿಮೂರು ವರ್ಷದಲ್ಲಿ ಮೂವತ್ತೊಂದು ಚಿತ್ರ. ಬಾರಾಕಾ ರಾಗ ಗುನುಗಿ ಫೋನಿನಲ್ಲಿ ಕಳಿಸುತ್ತಾನೆ, ಇವರು ಕಟ್ಟಿ ಕಳಿಸುತ್ತಾರೆ. ಒಂದು ಚಿತ್ರದ ಕೊನೆಯಲ್ಲಿ 'ಎಸ್. ಇಂಡಿ' ಎಂಬ ಹೆಸರನ್ನೂ ತೋರಿಸಿದರು. ಅದನ್ನು ಬಸವಂತಪ್ಪನವರಿಗೆ ತಿಳಿಸಿದೆ.

"ಎಸ್ ಅಂದ್ರ ಯಾರರೇ ಆಗಬಹುದು. ಮಾಡೂದು ಕಣ್ಣಾರೆ ನೋಡು, ವಿಡಿಯೋ ಕಳಸು."

ಹಾಗಾಗಿ ಒಂದು ಶನಿವಾರ ಮಧ್ಯಾಹ್ನ ಹೇಳದೆ ಹೋದೆ. ಒಳಗೆ ಹೆಂಗಸರ ದನಿ. ಬಾಗಿಲು ತೆಗೆದವರು ಪಕ್ಕದ ಮನೆಯ ರುಕ್ಮಿಣಿಬಾಯಿ.

"ಲೌಕರ್, ಲಗೂನ ಒಳಗ ಬರ್ರಿ, ದರವಾಜಾ ಬಂದ್ ಮಾಡ್ರಿ. ರೆಕಾರ್ಡಿಂಗ್ ಚಾಲೂ ಐತಿ!"

ಬಿಲ್ಡಿಂಗಿನ ಭಜನಾ ಮಂಡಳಿಯ ಐದು ಹೆಂಗಸರು ಮೈಕಿನ ಸುತ್ತ ನಿಂತಿದ್ದರು. ಕೈಯಲ್ಲಿ ನೋಟ್‌ಬುಕ್; ಸ್ವಾಹಿಲಿ ಮಾತು, ಕನ್ನಡ ಅಕ್ಷರ: 'ಮಾಮಾ, ಉಸಿಯೆಂದೆ'. ಅಮ್ಮಾ, ಹೋಗಬೇಡ ಎಂದು ಅರ್ಥವಂತೆ. ಲ್ಯಾಪ್‌ಟಾಪಿನಲ್ಲಿ ಸದ್ದಿಲ್ಲದ ದೃಶ್ಯ: ಮುದುಕಿಯೊಬ್ಬಳು ದೋಣಿ ಹತ್ತುತ್ತಾಳೆ, ಮಗಳು ದಂಡೆಯಲ್ಲೇ ನಿಲ್ಲುತ್ತಾಳೆ.

"ರುಕ್ಮಿಣಿಬಾಯಿ, ಇದು ಆರತಿ ಅಲ್ರಿ," ಎಂದರು ಶೆಟ್ಟೆಪ್ಪ. "ಮಗಳು ಅಳಾಕತ್ತಾಳ."

"ಮೊದಲ ಹೇಳಬಾರದೇನು? ನಾ ದೇವರಿಗಿ ಅಂತ ಗಂಟಲ ಹರಕೊಂಡೆ!"

ಎಲ್ಲರೂ ನಕ್ಕರು. ಮತ್ತೆ ಹಾಡಿದರು, ಈ ಸಲ ತಗ್ಗಿದ ದನಿಯಲ್ಲಿ. ನನ್ನ ಅನುಮಾನ ಅಲ್ಲಿಗೆ ಮುಗಿಯಿತು. ಆದರೂ ಹೇಳಿದ ಕೆಲಸ ಮುಗಿಸಬೇಕೆಂದು ಫೋನ್ ಎತ್ತಿದೆ.

"ಅಂಕಲ್, ವಿಡಿಯೋ ಯಾರಿಗೆ?" ಹಿಂದೆ ರೂಪಾಲಿ ನಿಂತಿದ್ದಳು.

ಮತ್ತೊಂದು ಸುಳ್ಳು ಹೇಳಲಾಗಲಿಲ್ಲ. ಬಸವಂತಪ್ಪನವರ ಹೆಸರು ಹೇಳಿದೆ.

"ಮತ್ಲಬ್, ಹಾರ್ಮೋನಿಯಂ ಎಲ್ಲಾ ನಾಟಕ?"

ಶೆಟ್ಟೆಪ್ಪ ಹೆಡ್‌ಫೋನ್ ತೆಗೆದು ಮೇಜಿನ ಮೇಲಿಟ್ಟರು. "ವಿಚಾರ ಮಾಡೂದು ತಪ್ಪಲ್ರಿ. ನಾನೂ ಹುಡುಗನ ಆಫೀಸಿಗಿ ಹೋಗಿ ಕೇಳೇನಿ. ಆದರ ಹುಡುಗಿ ಅಪ್ಪ ಅಂತ ಹೇಳಿ ಕೇಳೇನಿ."

ವಿಡಿಯೋ ಅಳಿಸಿ ಹೊರಗೆ ಬಂದೆ. ಎಲ್ಲವೂ ನಿಜ, ನಾನೇ ಕಂಡೆ ಎಂದು ಬಸವಂತಪ್ಪನವರಿಗೆ ಫೋನ್ ಮಾಡಿದೆ. ಅವರು ಸಂತೋಷಪಟ್ಟು ನಿಶ್ಚಿತಾರ್ಥಕ್ಕೆ ದಿನ ಕೇಳಿ ಕಳಿಸಿದರು. ರೂಪಾಲಿ ಒಪ್ಪಲಿಲ್ಲ. "ನಾಳೆ ನನ್ನ ಹಿಂದೆಯೂ ಹೀಗೇ ಗುಟ್ಟಾಗಿ ಆದ್ಮಿ ಬಿಡ್ತಾರೆ," ಎಂದಳಂತೆ. ಅಪ್ಪ ಎರಡು ವಾರ ತಿಳಿಹೇಳಿದರು, ಆಮೇಲೆ ಸುಮ್ಮನಾದರು. ಸಂಬಂಧ ಮುರಿಯಿತು.

ಶೆಟ್ಟೆಪ್ಪ ಇಂಡಿಯವರು ಈಗಲೂ ವಡಾಲದ ಅದೇ ಮನೆಯಲ್ಲಿ ಟಾಂಜಾನಿಯಾದ ಚಿತ್ರಗಳಿಗೆ ಸಂಗೀತ ಮಾಡುತ್ತಾರೆ.