ನಲವತ್ತೊಂದನೇ ಬಾಟಲಿ

ಎಪ್ಪತ್ತೊಂಬತ್ತರಲ್ಲಿ ರಾಯಚೂರಿನ ಕಾಲೇಜೊಂದಕ್ಕೆ ಪ್ರಾಣಿಶಾಸ್ತ್ರ ಕಲಿಸಲು ಬಂದ ಹನುಮಂತ್ರಾಯ ಮಾಸ್ತರರು ಮೊದಲ ಪಾಠದಲ್ಲೇ ಮರ್ಯಾದೆ ಕಳೆದುಕೊಂಡರು. ಹಿಂದಿನ ಬೆಂಚಿನಲ್ಲಿ ಪ್ರಿನ್ಸಿಪಾಲರು ಕೂತಿದ್ದರು. ಮಾಸ್ತರರು ಪ್ರಯೋಗಾಲಯದ ಸತ್ತ ಪ್ರಾಣಿಗಳ ಬಾಟಲಿಗಳಲ್ಲಿ ನಲವತ್ತೊಂದನೆಯದನ್ನು ಎತ್ತಿ ಹಿಡಿದು, ಚಿಪ್ಪಿಲ್ಲದ ಕಡಲ ಬಸವನಹುಳುವಿನ ತಲೆಯನ್ನೂ ತಲೆಯ ಮೇಲಿನ ಹೂವಿನಂಥ ಕಿರೀಟವನ್ನೂ ಕಾಲು ಗಂಟೆ ಬಣ್ಣಿಸಿದರು. ಅಟೆಂಡರ್ ಮೌನಪ್ಪ ಬಂದು ಬಾಟಲಿಯನ್ನು ಮೆಲ್ಲಗೆ ತಿರುಗಿಸಿ ಹೋದ. ಹೂವೆಂದರೆ ಅದರ ಕಿವಿರು, ಅದಿರುವುದು ಹಿಂಭಾಗದಲ್ಲಿ.

ಮಾಸ್ತರರು ಕಂಡಿದ್ದ ದೊಡ್ಡ ನೀರೆಂದರೆ ಚೀಕಲಪರ್ವಿಯ ಹೊಳೆ. ಮೌನಪ್ಪನೂ ಸಮುದ್ರ ಕಂಡವನಲ್ಲ, ಆದರೆ ಬಾಟಲಿ ಕೊಟ್ಟುಹೋದ ಸಂಶೋಧಕರ ಮಾತನ್ನು ಬಾಯಿಪಾಠ ಮಾಡಿದ್ದ. ಕಾರವಾರದ ಕಡೆ, ಇಳಿತದಲ್ಲಿ ಮಾತ್ರ ಕಾಣುವ ಬಂಡೆಯಡಿ, ಸ್ಪಂಜಿನ ಮೇಲೆ ಇದರ ವಾಸ. ಊಟವೂ ಅದೇ ಸ್ಪಂಜು. ಕಂಡವರು ಕಡಿಮೆ, ಪೂರ್ತಿ ಹೆಸರೂ ಇಟ್ಟಿಲ್ಲ.

ಮೌನಪ್ಪನ ಹೆಂಡತಿ ಗೋಪಮ್ಮ, ಎರಡು ಮಕ್ಕಳು ಮಾನವಿಯಲ್ಲಿದ್ದರು. ಅಲ್ಲಿಗೆ ವರ್ಗ ಕೇಳಿ ಅವನು ಐದು ವರ್ಷ ಅರ್ಜಿ ಹಾಕಿದ್ದ. ವರ್ಗವೇನೋ ಆಯಿತು, ಬಿಡುಗಡೆ ಆಗಲಿಲ್ಲ. ಬಾಟಲಿಗಳನ್ನು ಬೇರೆಯವರ ವಶಕ್ಕೆ ಕೊಡಬೇಕಿತ್ತು. ಅವನ ಜಾಗಕ್ಕೆ ಹೊಸದಾಗಿ ಬಂದ ಇಮಾಮಹುಸೇನ ನಲವತ್ತು ತೆಗೆದುಕೊಂಡು ನಲವತ್ತೊಂದರ ಮುಂದೆ ನಿಂತುಬಿಟ್ಟ.

"ಚೀಟಿಮ್ಯಾಲ ನೀಲಿ, ಹಳದಿ ಚುಕ್ಕಿ ಅಂತ ಅದ. ಒಳಗ ಬೆಳ್ಳಗ ಬಿದ್ದದ. ನಾಳಿ ಯಾರಾರ ನೀಲಿ ಎಲ್ಲಿ ಹೋತಲೇ ಅಂದ್ರ ನಾ ಏನ್ ಹೇಳ್ಲಿ?"

ಫಾರ್ಮಲಿನ್‌ನಲ್ಲಿ ಬಣ್ಣ ಹೋಗಿದೆ, ಪ್ರಾಣಿ ಅದೇ ಎಂದು ಮಾಸ್ತರರು ಬರೆದು ಸಹಿ ಹಾಕಿದರು. ಜೀವನದಲ್ಲಿ ತಾವು ಮಾಡಿದ ಒಂದೇ ಧೈರ್ಯದ ಕೆಲಸ ಅದು ಎಂಬ ಹೆಮ್ಮೆ ಅವರಿಗೆ ಪ್ರಿನ್ಸಿಪಾಲರ ಕೋಣೆಯ ಬಾಗಿಲವರೆಗೂ ಇತ್ತು.

"ಹಿಂದ ಯಾವ್ದು ಮುಂದ ಯಾವ್ದು ಗೊತ್ತಿಲ್ದವರ ಸಹಿ ನಾ ಹ್ಯಾಂಗ ನಂಬ್ಲಿರೀ?" ಎಂದರು ಪ್ರಿನ್ಸಿಪಾಲರು.

ಮತ್ತೆ ಎರಡು ವರ್ಷ ಹೋಯಿತು. ಕೊನೆಗೆ ಪ್ರಿನ್ಸಿಪಾಲರೇ ದಾರಿ ಹುಡುಕಿದರು: ಬಾಟಲಿ ಮೌನಪ್ಪನ ಸಂಗಡವೇ ಹೋಗಲಿ. ಆದರೆ ಮಾನವಿಯ ಕಾಲೇಜಿನಲ್ಲಿ ಪ್ರಾಣಿಶಾಸ್ತ್ರವಿಲ್ಲ, ದೇವದುರ್ಗದಲ್ಲಿದೆ. ಹಾಗಾಗಿ ಬಾಟಲಿ, ಮೌನಪ್ಪ ಇಬ್ಬರಿಗೂ ದೇವದುರ್ಗಕ್ಕೆ ಹುಕುಂ ಆಯಿತು. ಇನ್ನು ಶನಿವಾರಕ್ಕೊಮ್ಮೆ ಸಿರವಾರದಲ್ಲಿ ಬಸ್ಸು ಬದಲಿಸಿ ಹೆಂಡತಿ ಮಕ್ಕಳ ಮುಖ ನೋಡಬೇಕು.

ಬೀಳ್ಕೊಡಲು ಮಾಸ್ತರರು ಬಸ್‌ಸ್ಟ್ಯಾಂಡಿಗೆ ಹೋದರು. ಮೌನಪ್ಪ ಕಿಟಕಿಯ ಪಕ್ಕ, ತೊಡೆಯ ಮೇಲೆ ಬಾಟಲಿ ಇಟ್ಟುಕೊಂಡು ಕೂತಿದ್ದ. ಕ್ಷಮೆ ಕೇಳಬೇಕೆಂದು ಹೊರಟ ಮಾಸ್ತರರ ಬಾಯಿಂದ ಬಂದದ್ದು ಬೇರೆಯೇ.

"ಅಲ್ಲೋ, ಇಷ್ಟು ವರ್ಷ ಒಳಗ ಕುಂತು ಕುಂತು ಬ್ಯಾಸರ ಆಗಿಲ್ಲೇನು?"

ಮೌನಪ್ಪ ಬಾಟಲಿಯ ಕಡೆ ನೋಡಿದ, ಆಮೇಲೆ ಮಾಸ್ತರರ ಕಡೆ.

"ನಮ್ಮಿಬ್ಬರೊಳಗ ಯಾರಿಗಿ ಕೇಳಾಕತ್ತೀರಿ, ಸರ?"